ಎರರೇ ಬರಲ್ಲ, ಆದ್ರೆ ಮೊತ್ತ ಮಾಯ: ಯಾವ ಕೋಡು ಹಾಳು ಮಾಡ್ತಿದೆ ಅಂತ ಸ್ಟ್ಯಾಕ್ ಟ್ರೇಸ್ ತೆಗ್ಯೋದು ಹೇಗೆ?

ಸಂಪಿಗೆ_ಮರ
ಎಲ್ರಿಗೂ ನಮಸ್ಕಾರ. ಒಂದು ಸಹಕಾರಿ ಸಂಘಕ್ಕೆ ಸಾಲದ ಕಂತು ಕಟ್ಟೋ ವೆಬ್ ಪೇಜ್ ಮಾಡಿಕೊಟ್ಟಿದೀವಿ, ಪ್ಲೇನ್ ಜಾವಾಸ್ಕ್ರಿಪ್ಟ್, ಫ್ರೇಮ್‌ವರ್ಕ್ ಏನೂ ಇಲ್ಲ. ಕೆಲವು ಸದಸ್ಯರು ಮೊತ್ತ ಸರಿಯಾಗೇ ಟೈಪ್ ಮಾಡ್ತಾರೆ, ಸ್ಕ್ರೀನ್ ಮೇಲೂ ಸರಿಯಾಗೇ ಕಾಣ್ತಿದೆ ಅಂತ ಫೋನಲ್ಲಿ ಹೇಳ್ತಾರೆ, ಸಬ್ಮಿಟ್ ಒತ್ತಿದ್ರೆ ಸರ್ವರ್‌ಗೆ ಮೊತ್ತ ನಲ್ (ಏನೂ ಇಲ್ಲ) ಅಂತ ಬರುತ್ತೆ. ಎಲ್ಲರಿಗೂ ಅಲ್ಲ, ಕೆಲವರಿಗೆ ಮಾತ್ರ, ಆದ್ರೆ ಆ ಕೆಲವರಿಗೆ ಪ್ರತಿ ಸಲವೂ. ನಮ್ಮ ಆಫೀಸಿನ ಯಾವ ಫೋನಲ್ಲೂ ಆಗ್ತಿಲ್ಲ. ಕನ್ಸೋಲಲ್ಲಿ ಕೆಂಪು ಗೆರೆ ಒಂದೂ ಇಲ್ಲ.

ಎರರ್ ಬಂದಿದ್ರೆ ಸ್ಟ್ಯಾಕ್ ಟ್ರೇಸ್ (ಯಾವ ಫಂಕ್ಷನ್ನ ಯಾವುದು ಕರೀತು ಅನ್ನೋ ಪಟ್ಟಿ) ನೋಡ್ಬಹುದಿತ್ತು, ಎರರೇ ಬರ್ದಿದ್ರೆ ಏನ್ ನೋಡೋದು? ಆ ಮೊತ್ತ ಅನ್ನೋ ಪ್ರಾಪರ್ಟಿನ ಬಡ್ಡಿ ಲೆಕ್ಕ, ದಂಡದ ಲೆಕ್ಕ, ರಶೀದಿ ಪ್ರಿವ್ಯೂ ಎಲ್ಲಾ ಕಡೆಯಿಂದ್ಲೂ ಬರೀತಾರೆ. ಕಂತು ಕಟ್ಟಕ್ಕಾಗದೆ ಜನ ಬ್ರ್ಯಾಂಚ್‌ವರೆಗೂ ಬಸ್ ಹತ್ಕೊಂಡು ಬರ್ತಿದಾರೆ, ಅದಕ್ಕೆ ಬೇಗ ಹಿಡೀಬೇಕು.

ರಾಗಿಮುದ್ದೆ
ಸಬ್ಮಿಟ್ ಫಂಕ್ಷನ್‌ಗೆ ಬ್ರೇಕ್‌ಪಾಯಿಂಟ್ (ಕೋಡ್ ನಿಲ್ಲೋ ಗುರುತು) ಹಾಕಿ ಒಂದೊಂದೇ ಸ್ಟೆಪ್ ಮಾಡಿ ಮೇಡಂ. ಡಿಬಗರ್ ಇರೋದೇ ಅದಕ್ಕೆ.

ಸಂಪಿಗೆ_ಮರ
ನಮ್ಮ ಹತ್ರ ಆಗ್ತಾನೇ ಇಲ್ಲ ಅಂದ್ನಲ್ಲ ಸಾರ್. ಆಗೋದು ಅವರ ಫೋನಲ್ಲಿ, ಅಲ್ಲಿ ಡಿಬಗರ್ ಎಲ್ಲಿಂದ ತರಲಿ?

ಧಾರವಾಡ_ಫೇಡಾ
ಮೊದ್ಲ ಒಂದ್ ಮಾತ್ ಹೇಳ್ತೀನ್ರಿ. ಸರ್ವರ್‌ಗೆ ನಲ್ ಬಂದೈತಿ ಅಂದ್ರ ಬ್ರೌಸರ್‌ನ್ಯಾಗೂ ನಲ್ ಇತ್ತು ಅಂತ ತಿಳ್ಕೋಬ್ಯಾಡ್ರಿ. ಜೇಸನ್ ಸ್ಟ್ರಿಂಗಿಫೈ ಮಾಡುವಾಗ, ಅಂದ್ರ ಕಳಸಾಕ ಡೇಟಾನ ಪಠ್ಯ ಮಾಡುವಾಗ, ನ್ಯಾನ್ (‘ನಾಟ್ ಎ ನಂಬರ್’, ಸಂಖ್ಯೆ ಅಲ್ಲ ಅನ್ನೋ ಬೆಲೆ) ಇದ್ರ ಅದು ನಲ್ ಆಗಿ ಹೋಗ್ತೈತಿ, ಯಾರಿಗೂ ಹೇಳಂಗಿಲ್ಲ ಕೇಳಂಗಿಲ್ಲ. ನ್ಯಾನ್ ಅಂದ್ರ ಎಲ್ಲೋ ಒಂದ್ ಕಡೆ ಅಕ್ಷರದ ತುಂಡನ್ನ ನಂಬರ್ ಮಾಡಾಕ ಹೋಗಿ ಸೋತೈತಿ. ನೀವು ನಲ್ ಹುಡುಕೊಂತ ಕುಂತ್ರ ವರ್ಷಗಟ್ಟಲೆ ಸಿಗಂಗಿಲ್ಲ. ನ್ಯಾನ್ ಹುಡುಕ್ರಿ.

ಸಂಪಿಗೆ_ಮರ
ಓ! ಇದು ಗೊತ್ತಿರ್ಲಿಲ್ಲ. ಇಷ್ಟು ಹೊತ್ತು ನಲ್ ಅಸೈನ್ ಮಾಡೋ ಜಾಗಗಳನ್ನೇ ಜಾಲಾಡ್ತಿದ್ವಿ.

ಕಡಲತೀರ
ಎರರ್ ಬರ್ಲಿಕ್ಕೆ ಕಾಯ್ಬೇಕಂತ ಇಲ್ಲ ಮಾರಾಯ್ರೆ, ನಾವೇ ಹುಟ್ಟಿಸ್ಬಹುದು. ತುಂಬಾ ಜನ ಎರರ್ ಅಂದ್ರೆ ಥ್ರೋ ಮಾಡ್ಲೇಬೇಕು ಅಂದ್ಕೊಂಡಿದ್ದಾರೆ. ಹಾಗಿಲ್ಲ. ನ್ಯೂ ಎರರ್ ಅಂತ ಬರೆದ ಕ್ಷಣಕ್ಕೇ ಕ್ರೋಮ್ ಆಗಿನ ಸ್ಟ್ಯಾಕನ್ನು ಹಿಡಿದಿಟ್ಟಿರ್ತದೆ, ಥ್ರೋ ಮಾಡುವುದು ಬಿಡುವುದು ನಿಮಗೆ ಬಿಟ್ಟದ್ದು. ಅದರ ಡಾಟ್ ಸ್ಟ್ಯಾಕ್ ಓದಿದ್ರೆ ಆಯ್ತು, ಪೇಜ್ ನಿಲ್ಲುವುದಿಲ್ಲ, ಸದಸ್ಯರಿಗೆ ಏನೂ ಕಾಣುವುದಿಲ್ಲ.

ನಿಮ್ಮ ಕೇಸಿಗೆ ಹೀಗೆ ಮಾಡಿ. ಆ ಕಂತಿನ ಆಬ್ಜೆಕ್ಟ್ ಮೇಲೆ ಆಬ್ಜೆಕ್ಟ್ ಡಾಟ್ ಡಿಫೈನ್‌ಪ್ರಾಪರ್ಟಿ ಹಾಕಿ ಮೊತ್ತಕ್ಕೆ ಓದುವಾಗ ಓಡುವ ಒಂದು ಗೆಟ್ಟರ್, ಬರೆಯುವಾಗ ಓಡುವ ಒಂದು ಸೆಟ್ಟರ್ ಕೊಡಿ. ಯಾರು ಮೊತ್ತ ಬರೆದ್ರೂ ಆ ಸೆಟ್ಟರ್ ದಾಟಿಯೇ ಹೋಗ್ಬೇಕು. ಒಳಗೆ ನಂಬರ್ ಡಾಟ್ ಈಸ್‌ನ್ಯಾನ್ ಅಂತ ಕೇಳಿ, ಹೌದಾದ್ರೆ ಅಲ್ಲೇ ಒಂದು ನ್ಯೂ ಎರರ್ ಮಾಡಿ. ನಿಮ್ಮ ಲ್ಯಾಪ್‌ಟಾಪ್ ಆಗಿದ್ರೆ ಕನ್ಸೋಲ್ ಡಾಟ್ ಟ್ರೇಸ್ ಸಾಕಿತ್ತು, ಅದು ಕರೆದ ಜಾಗದಿಂದ ಮೇಲಿನ ಸರಪಳಿ ಪೂರ್ತಿ ಪ್ರಿಂಟ್ ಮಾಡ್ತದೆ. ಆದ್ರೆ ಅವರ ಫೋನಿನ ಕನ್ಸೋಲ್ ನಿಮಗೆ ಕಾಣುವುದಿಲ್ಲವಲ್ಲ, ಹಾಗಾಗಿ ಆ ಸ್ಟ್ಯಾಕಿನ ಪಠ್ಯವನ್ನು ನ್ಯಾವಿಗೇಟರ್ ಡಾಟ್ ಸೆಂಡ್‌ಬೀಕನ್ ಮೂಲಕ ನಿಮ್ಮ ಸರ್ವರಿಗೆ ಕಳ್ಸಿ. ಪೇಜ್ ಮುಚ್ಚಿ ಹೋಗುವಾಗ ಫೆಚ್ ಅರ್ಧಕ್ಕೆ ಕಟ್ಟಾಗ್ಬಹುದು, ಬೀಕನ್ ಇರುವುದೇ ಅಂಥ ಸಮಯಕ್ಕೆ.

ಇನ್ನೊಂದು, ಕ್ರೋಮ್ ಮತ್ತು ನೋಡ್ (ಬ್ರೌಸರ್ ಹೊರಗೆ ಜಾವಾಸ್ಕ್ರಿಪ್ಟ್ ಓಡಿಸುವಂಥದ್ದು) ಎರಡೂ ಮೇಲಿನ 10 ಫ್ರೇಮ್ (ಟ್ರೇಸಿನ ಒಂದೊಂದು ಸಾಲು) ಮಾತ್ರ ಇಟ್ಕೊಳ್ತವೆ. ಎರರ್ ಡಾಟ್ ಸ್ಟ್ಯಾಕ್‌ಟ್ರೇಸ್‌ಲಿಮಿಟ್ ಅನ್ನು ಪೇಜಿನ ಶುರುವಲ್ಲೇ 50 ಮಾಡಿ. ಇಲ್ಲದಿದ್ರೆ ನಿಮಗೆ ಬೇಕಾದ ಫ್ರೇಮ್ 11ನೆಯದ್ದಾಗಿ ಕೂತಿರ್ತದೆ.

ರಾಗಿಮುದ್ದೆ
ಪ್ರೊಡಕ್ಷನ್‌ನಲ್ಲಿ ಸುಮ್ ಸುಮ್ನೆ ಎರರ್ ಆಬ್ಜೆಕ್ಟ್ ಸೃಷ್ಟಿ ಮಾಡೋದು ಭಾರ ಅಲ್ವಾ? ನಮ್ಮ ಟೀಮಲ್ಲಿ ಇದನ್ನ ರಿವ್ಯೂನಲ್ಲೇ ವಾಪಸ್ ಕಳಿಸ್ತಾರೆ.

ಕಡಲತೀರ
ಸಾವಿರಾರು ಸಲ ತಿರುಗುವ ಲೂಪಿನೊಳಗೆ ಮಾಡಿದ್ರೆ ಭಾರವೇ. ಇಲ್ಲಿ ನ್ಯಾನ್ ಬಂದಾಗ ಮಾತ್ರ ತಾನೇ ಮಾಡುವುದು? ಕಂತು ಕಟ್ಟಲಿಕ್ಕೇ ಆಗದ ಪೇಜು ವೇಗವಾಗಿದ್ದು ಏನು ಪ್ರಯೋಜನ.

ಹೊಸಬ_23
ಸಾರ್ ಮಧ್ಯೆ ಕೇಳ್ತಿದೀನಿ ಕ್ಷಮಿಸಿ. ಟ್ರೇಸ್‌ನ ಮೇಲಿಂದ ಓದ್ಬೇಕಾ ಕೆಳಗಿಂದ ಓದ್ಬೇಕಾ? ಕಾಲೇಜಲ್ಲಿ ಪೈಥಾನ್ ಕಲ್ತಾಗ ಕೊನೇ ಸಾಲು ನೋಡು ಅಂದ್ರು, ಇಲ್ಲಿ ಕೆಲಸಕ್ಕೆ ಸೇರಿದ್ಮೇಲೆ ಮೊದಲ್ನೇ ಸಾಲು ನೋಡು ಅಂತಾರೆ.

ಮೂಡಲಮನೆ
ಇಬ್ರೂ ಸರಿಯಾಗೇ ಹೇಳಿದಾರೆ. ಪೈಥಾನ್ ಟ್ರೇಸ್‌ಬ್ಯಾಕ್ ಶುರುವಾಗೋದೇ ‘ಮೋಸ್ಟ್ ರೀಸೆಂಟ್ ಕಾಲ್ ಲಾಸ್ಟ್’ ಅಂತ, ಅಂದ್ರೆ ಕೊನೇಗೆ ಕರೆದಿದ್ದು ಕೊನೇಲಿ ಇರುತ್ತೆ, ಎರರ್ ಹೆಸರೂ ಕಟ್ಟಕಡೇಲಿ. ಜಾವಾಸ್ಕ್ರಿಪ್ಟ್, ಜಾವಾ ಎರಡರಲ್ಲೂ ಕೊನೇಗೆ ಕರೆದಿದ್ದು ಮೇಲೆ. ಆದ್ರೆ ಮೇಲೋ ಕೆಳಗೋ ಅನ್ನೋದಕ್ಕಿಂತ ಮುಖ್ಯ ಇನ್ನೊಂದಿದೆ. ಮೊದಲು ಎರರ್ ಸಂದೇಶ ಪೂರ್ತಿ ಓದು. ಆಮೇಲೆ ಫೈಲ್ ಹೆಸರು ನೋಡ್ತಾ ಬಾ, ಬೇರೆಯವರ ಲೈಬ್ರರಿ ಇರೋ ನೋಡ್‌ಮಾಡ್ಯೂಲ್ಸ್ ಫೋಲ್ಡರಿನ ಸಾಲುಗಳನ್ನ ಹಾರಿಸು, ನಿಮ್ಮ ಟೀಮ್ ಬರೆದ ಮೊದಲ ಫೈಲ್ ಸಿಕ್ತಲ್ಲ, ಅಲ್ಲಿ ನಿಲ್ಲು. ಲೈಬ್ರರಿಯೊಳಗೆ ಎರರ್ ಆಯ್ತು ಅಂದ್ರೆ ಸಾಮಾನ್ಯವಾಗಿ ನಾವು ಅದಕ್ಕೆ ಕೊಟ್ಟಿದ್ದೇ ತಪ್ಪಿರುತ್ತೆ. ಕ್ರೋಮ್ ಡೆವ್‌ಟೂಲ್ಸಲ್ಲಿ ಇಗ್ನೋರ್ ಲಿಸ್ಟ್ ಅಂತ ಇದೆ, ಲೈಬ್ರರಿ ಫೈಲ್‌ನ ಅದಕ್ಕೆ ಸೇರಿಸಿದ್ರೆ ಆ ಫ್ರೇಮ್‌ಗಳೆಲ್ಲ ಮಡಚ್ಕೊಂಡು ನಿನ್ನ ಕೋಡ್ ಮಾತ್ರ ಕಾಣುತ್ತೆ.

ಜಾವಾ_ಮಾಮ
ಜಾವಾ ವಿಚಾರ ಬಂದದ್ದರಿಂದ ಹೇಳ್ತೀನಿ. ಅಲ್ಲಿ ಎಕ್ಸೆಪ್ಶನ್ (ಎರರ್) ಒಳಗೆ ಎಕ್ಸೆಪ್ಶನ್ ಸುತ್ತಿ ಸುತ್ತಿ ಇಟ್ಟಿರ್ತಾರೆ, ಮೇಲಿನ ಪುಟಗಟ್ಟಲೆ ಸ್ಪ್ರಿಂಗ್ ಲೈಬ್ರರಿಯ ಫ್ರೇಮ್‌ಗಳನ್ನ ಓದ್ತಾ ಕೂತ್ರೆ ಊಟದ ಹೊತ್ತು ಮೀರುತ್ತೆ. ಸೀದಾ ಕೆಳಗೆ ಹೋಗಿ, ಕೊನೇ ‘ಕಾಸ್ಡ್ ಬೈ’ ಹಿಡೀರಿ. ಮೂಲ ಕಾರಣ ಅಲ್ಲಿರುತ್ತೆ.

ಇನ್ನೊಂದು ಸಂಗತಿ, ಇದು ಗೊತ್ತಿಲ್ಲದೆ ಜನ ತಲೆ ಚಚ್ಕೊಳ್ತಾರೆ. ಒಂದೇ ಜಾಗದಲ್ಲಿ ನಲ್ ಪಾಯಿಂಟರ್ ಎಕ್ಸೆಪ್ಶನ್ ಪದೇ ಪದೇ ಬರ್ತಿದ್ರೆ ಹಾಟ್‌ಸ್ಪಾಟ್ ಜೆವಿಎಂ (ಜಾವಾ ಓಡಿಸೋ ಎಂಜಿನ್) ಸ್ವಲ್ಪ ಹೊತ್ತಾದ ಮೇಲೆ ಟ್ರೇಸ್ ಕೊಡೋದನ್ನೇ ನಿಲ್ಲಿಸಿಬಿಡುತ್ತೆ, ಲಾಗಲ್ಲಿ ಬರೀ ಎಕ್ಸೆಪ್ಶನ್ ಹೆಸರು, ಕೆಳಗೆ ಒಂದು ಸಾಲೂ ಇಲ್ಲ. ಲಾಗರ್ ಕೆಟ್ಟಿದೆ ಅಂದ್ಕೋಬೇಡಿ. ಲಾಗಲ್ಲಿ ಹಿಂದಕ್ಕೆ ಹೋಗಿ ಹುಡುಕಿದ್ರೆ ಮೊದಮೊದಲ ಸಲದ್ದರಲ್ಲಿ ಪೂರ್ತಿ ಟ್ರೇಸ್ ಇರುತ್ತೆ. ಬೇಡ ಅಂದ್ರೆ ಒಮಿಟ್‌ಸ್ಟ್ಯಾಕ್‌ಟ್ರೇಸ್‌ಇನ್‌ಫಾಸ್ಟ್‌ಥ್ರೋ ಅನ್ನೋ ಆಯ್ಕೆನ ಮೈನಸ್ ಹಾಕಿ ಆಫ್ ಮಾಡಿ. ಜಾವಾ 14ರಿಂದ ಯಾವ ವೇರಿಯಬಲ್ ನಲ್ ಅಂತಲೂ ಸಂದೇಶದಲ್ಲೇ ಹೇಳೋ ಹಾಗೆ ಮಾಡಿದಾರೆ, ಅದು ಬಹಳ ಒಳ್ಳೇ ಕೆಲಸ.

ರಾಗಿಮುದ್ದೆ
ಮಾಮ, ಟಾಪಿಕ್ ಜಾವಾಸ್ಕ್ರಿಪ್ಟ್ 🙏

ಜಾವಾ_ಮಾಮ
ಕಾರಣ ಸುತ್ತಿಡೋ ಪದ್ಧತಿ ನಿಮ್ಮಲ್ಲಿಗೂ ಬಂತಲ್ಲಪ್ಪ, 2022ರ ಸ್ಟ್ಯಾಂಡರ್ಡಿನಲ್ಲಿ. ನ್ಯೂ ಎರರ್‌ಗೆ ಎರಡನೇ ಆರ್ಗ್ಯುಮೆಂಟಿನ ಆಬ್ಜೆಕ್ಟಲ್ಲಿ ಕಾಸ್ (ಕಾರಣ) ಕೊಡಬಹುದು. ಕ್ಯಾಚ್ ಮಾಡಿ ಹೊಸ ಎರರ್ ಎಸೆಯೋವಾಗ ಹಳೇದನ್ನ ಬಿಸಾಕ್ತೀರಲ್ಲ, ಅದನ್ನ ನಿಲ್ಲಿಸಿ ಕಾಸ್‌ನಲ್ಲಿ ಇಡಿ.

ಸಂಪಿಗೆ_ಮರ
ಕಡಲತೀರ ಅವರು ಹೇಳಿದ ಹಾಗೆ ಸೆಟ್ಟರ್ ಹಾಕಿ ಲೈವ್‌ಗೆ ಬಿಟ್ವಿ. ಸಂಜೆಗೇ ಬೀಕನ್ ಬರಕ್ಕೆ ಶುರುವಾಯ್ತು! ಎಲ್ಲಾ ಒಂದೇ ಥರ ಇದಾವೆ:

ಎರರ್: ಮೊತ್ತ ನ್ಯಾನ್
ಅಟ್ ಸೆಟ್ ಮೊತ್ತ (ಆ್ಯಪ್.ಮಿನ್.ಜೆಎಸ್:1:48213)
ಅಟ್ ಟಿ (ಆ್ಯಪ್.ಮಿನ್.ಜೆಎಸ್:1:51790)
ಅಟ್ ಆ್ಯಪ್.ಮಿನ್.ಜೆಎಸ್:1:20377

ಎಲ್ಲಾ 1ನೇ ಸಾಲು ಅಂತಿದೆ, ಫಂಕ್ಷನ್ ಹೆಸರು ಬರೀ ‘ಟಿ’. ಇದರಿಂದ ಏನ್ ತಿಳ್ಕೊಳ್ಳೋದು?

ಫ್ರಾಂಕ್‌ಫರ್ಟ್_ಕನ್ನಡಿಗ
ಮಿನಿಫೈ ಆದ (ಕುಗ್ಗಿಸಿದ) ಕೋಡ್ ಇಡೀ ಒಂದೇ ಸಾಲಲ್ಲಿರುತ್ತೆ, ಅದಕ್ಕೇ ಎಲ್ಲಾ 1. ನಿಮಗೆ ಬೇಕಾಗಿರೋದು ಎರಡನೇ ಅಂಕಿ, ಅದು ಕಾಲಂ. ಬಿಲ್ಡ್ ಮಾಡುವಾಗ ಸೋರ್ಸ್ ಮ್ಯಾಪ್ ಫೈಲ್ ಹುಟ್ಟಿರ್ಬೇಕು, ಅದಕ್ಕೆ ಸಾಲು ಮತ್ತು ಕಾಲಂ ಕೊಟ್ರೆ ಮೂಲ ಫೈಲು, ಮೂಲ ಸಾಲು ಹೇಳುತ್ತೆ. ಜಾವಾಸ್ಕ್ರಿಪ್ಟ್ ಪ್ಯಾಕೇಜ್ ಭಂಡಾರ ಎನ್‌ಪಿಎಂನಲ್ಲಿ ಸೋರ್ಸ್‌ಮ್ಯಾಪ್ ಅಂತ ಮೊಜಿಲ್ಲಾದವರ ಪ್ಯಾಕೇಜ್ ಇದೆ, ಅದರಲ್ಲಿ ಒರಿಜಿನಲ್ ಪೊಸಿಷನ್ ಕೇಳಿ. ಒಂದು ಎಚ್ಚರಿಕೆ: ಆ ಪ್ಯಾಕೇಜ್ ಕಾಲಂನ 0ಯಿಂದ ಎಣಿಸುತ್ತೆ, ಕ್ರೋಮ್ ಟ್ರೇಸಲ್ಲಿ 1ರಿಂದ. ಒಂದು ಕಳೆದು ಕೊಡಿ, ಇಲ್ಲಾಂದ್ರೆ ಕೆಲವೊಮ್ಮೆ ಪಕ್ಕದ ಟೋಕನ್ ತೋರಿಸಿ ದಾರಿ ತಪ್ಪಿಸುತ್ತೆ. ಲೈವ್‌ಗೆ ಹೋದ ಅದೇ ಬಿಲ್ಡಿನ ಮ್ಯಾಪ್ ಆಗಿರ್ಬೇಕು, ಇವತ್ತು ಹೊಸದಾಗಿ ಬಿಲ್ಡ್ ಮಾಡಿದ್ರೆ ಕಾಲಂಗಳು ಹೊಂದದೇ ಇರಬಹುದು.

ಆ ಮ್ಯಾಪ್ ಫೈಲ್‌ನ ಪಬ್ಲಿಕ್ ಸರ್ವರಲ್ಲಿ ಇಡಬೇಡಿ, ಒಳಗೆ ನಿಮ್ಮ ಮೂಲ ಕೋಡ್ ಪೂರ್ತಿ ಇರುತ್ತೆ. ಬಿಲ್ಡ್ ಮಾಡೋ ಟೂಲ್ ವೆಬ್‌ಪ್ಯಾಕಲ್ಲಿ ಹಿಡನ್ ಸೋರ್ಸ್ ಮ್ಯಾಪ್ ಅನ್ನೋ ಆಯ್ಕೆ ಇರೋದು ಇದಕ್ಕೇ, ಮ್ಯಾಪ್ ಹುಟ್ಟುತ್ತೆ ಆದ್ರೆ ಜೆಎಸ್ ಫೈಲಿನ ಕೊನೇಲಿ ಅದರ ವಿಳಾಸ ಬರಿಯಲ್ಲ.

ನೈಟ್‌ಶಿಫ್ಟ್
ಪಬ್ಲಿಕ್ ಇಟ್ರೆ ಏನ್ ಪ್ರಳಯ ಆಗಲ್ಲ ಬಿಡಿ. ಬ್ರೌಸರ್‌ಗೆ ಹೋದ ಕೋಡ್ ಯಾರು ಬೇಕಾದ್ರೂ ಓದ್ಬಹುದು, ಮಿನಿಫೈ ಮಾಡೋದು ಸೈಜ್ ಕಮ್ಮಿ ಮಾಡಕ್ಕೆ, ಬೀಗ ಹಾಕಕ್ಕಲ್ಲ. ರಹಸ್ಯದ ಕೀ ಬ್ರೌಸರ್ ಕೋಡಲ್ಲಿ ಇದ್ರೆ ಮ್ಯಾಪ್ ಇಲ್ದೇನೂ ಅದು ಬಯಲೇ.

ಫ್ರಾಂಕ್‌ಫರ್ಟ್_ಕನ್ನಡಿಗ
ಕೀ ವಿಷಯ ಒಪ್ತೀನಿ. ಆದ್ರೆ ಕಾಮೆಂಟುಗಳು, ಫೋಲ್ಡರ್ ಹೆಸರುಗಳು, ಇನ್ನೂ ಬಿಡುಗಡೆ ಆಗದ ಫೀಚರಿನ ಹೆಸರು ಎಲ್ಲಾ ಹೋಗುತ್ತೆ. ಹಣಕಾಸಿನ ಸಂಸ್ಥೆ ಅದು, ಸುಮ್ನೆ ಯಾಕೆ.

ಸಂಪಿಗೆ_ಮರ
ಬಿಲ್ಡ್ ಸರ್ವರಲ್ಲಿ ಮ್ಯಾಪ್ ಇತ್ತು, ಸಿಕ್ತು. ‘ಟಿ’ ಅಂದ್ರೆ ಬಡ್ಡಿಲೆಕ್ಕ ಫಂಕ್ಷನ್. ಆ ಸಾಲಲ್ಲಿ ಇರೋದು ಇಷ್ಟೇ: ಮೊತ್ತ ಓದೋ ಫಂಕ್ಷನ್ ಕರೆದು, ಬಂದಿದ್ದನ್ನ ಕಂತು ಆಬ್ಜೆಕ್ಟಿಗೆ ಹಾಕೋದು. ಕೆಳಗಿನ ಫ್ರೇಮ್ ಸ್ವಲ್ಪ ಹೊತ್ತು ಬಿಟ್ಟು ಓಡಿಸೋ ಟೈಮರ್, ಅಂದ್ರೆ ಸೆಟ್‌ಟೈಮ್‌ಔಟ್ ಒಳಗಿನ ಕಾಲ್‌ಬ್ಯಾಕ್. ಬಡ್ಡಿ ಲೆಕ್ಕ ನಾಲ್ಕು ಕಡೆಯಿಂದ ಕರೀತೀವಿ, ಯಾವ್ದು ಅಂತ ಗೊತ್ತಾಗ್ತಿಲ್ಲ. ಮೊತ್ತ ಓದೋ ಫಂಕ್ಷನ್ ಟ್ರೇಸಲ್ಲಿ ಇಲ್ಲ, ಹಾಗಾಗಿ ಅದರದ್ದು ತಪ್ಪಿಲ್ಲ ಅಂತ ಅಂದ್ಕೊಂಡು ಬಡ್ಡಿ ಸೂತ್ರ ನೋಡ್ತಿದೀವಿ.

ಮೂಡಲಮನೆ
ನಿಲ್ಲಿ ನಿಲ್ಲಿ, ಅಲ್ಲೇ ಜಾರೋದು. ಟ್ರೇಸಲ್ಲಿ ಇಲ್ಲ ಅಂದ್ರೆ ಅದು ನಿರಪರಾಧಿ ಅಂತಲ್ಲ!! ಸ್ಟ್ಯಾಕ್ ಟ್ರೇಸ್ ನಡೆದಿದ್ದರ ಇತಿಹಾಸ ಅಲ್ಲ, ಆ ಕ್ಷಣಕ್ಕೆ ಯಾರ್ಯಾರ ಕೆಲಸ ಇನ್ನೂ ಮುಗಿದಿಲ್ಲವೋ ಅವರ ಪಟ್ಟಿ ಅಷ್ಟೇ. ಮೊತ್ತ ಓದೋ ಫಂಕ್ಷನ್ ನ್ಯಾನ್ ಕೊಟ್ಟು ರಿಟರ್ನ್ ಆಗಿ ಹೋಯ್ತು, ಅದರ ಫ್ರೇಮ್ ಸ್ಟ್ಯಾಕಿಂದ ಆಗ್ಲೇ ತೆಗೆದಾಗಿದೆ, ಆಮೇಲೆ ಸೆಟ್ಟರ್ ಓಡಿ ಟ್ರೇಸ್ ತೆಗೀತು. ಜೇಬುಗಳ್ಳ ಹಿಂದಿನ ಸ್ಟಾಪಲ್ಲೇ ಇಳಿದು ಹೋದ್ಮೇಲೆ ಬಸ್ಸಲ್ಲಿ ಉಳಿದವರನ್ನ ಎಣಿಸಿದ ಹಾಗೆ.

ವರ್ಷಾನುಗಟ್ಟಲೆ ಕೆಲಸ ಮಾಡಿದವರೂ ಇಲ್ಲಿ ಎಡವೋದನ್ನ ನೋಡಿದೀನಿ, ಅದಕ್ಕೇ ಇಷ್ಟು ಜೋರಾಗಿ ಹೇಳ್ತಿರೋದು. ಕೆಟ್ಟ ಬೆಲೆ ಯಾರ ಕೈಗೆ ಬಂತು ಅಂತ ಟ್ರೇಸ್ ಹೇಳುತ್ತೆ, ಎಲ್ಲಿ ಕೆಡ್ತು ಅಂತ ಹೇಳಲ್ಲ. ‘ಕೆನಾಟ್ ರೀಡ್ ಪ್ರಾಪರ್ಟೀಸ್ ಆಫ್ ಅನ್‌ಡಿಫೈನ್ಡ್’ ಬಂದಾಗ್ಲೂ ಇದೇ ಕತೆ, ಆ ಸಾಲಿಗೆ ಒಂದು ಇಫ್ ಹಾಕಿ ಬಾಯಿ ಮುಚ್ಚಿಸಿದ್ರೆ ಬಗ್ ಅಲ್ಲೇ ಇರುತ್ತೆ, ಇನ್ನೂ ದೂರದಲ್ಲಿ ಮತ್ತೆ ಏಳುತ್ತೆ. ಟ್ರೇಸ್ ಸಿಕ್ಕಿದ್ಮೇಲೆ ಒಂದು ಹೆಜ್ಜೆ ಹಿಂದೆ ಹೋಗಿ, ಆ ಬೆಲೆ ಹುಟ್ಟೋ ಜಾಗದಲ್ಲಿ ಹೊಸ ಬಲೆ ಹಾಕಿ. ನಿಮ್ಮ ಕೇಸಲ್ಲಿ ಅದು ಮೊತ್ತ ಓದೋ ಫಂಕ್ಷನ್.

ಧಾರವಾಡ_ಫೇಡಾ
ಖರೆ ಐತಿ. ಮತ್ತ ಆ ಬಲೆಯೊಳಗ ಇನ್‌ಪುಟ್ ಬಾಕ್ಸಿನ ಪಠ್ಯಾನೂ ಕಳಸ್ರಿ, ಆದ್ರ ಪಠ್ಯ ಹಂಗ ಕಳಸೋದಕ್ಕಿಂತ ಒಂದೊಂದು ಅಕ್ಷರದ ಚಾರ್ ಕೋಡ್ ಕಳಸ್ರಿ. ಕಣ್ಣಿಗೆ ಕಾಣದ ಸ್ಪೇಸ್ ಇರ್ತಾವ, ನಾನ್ ಬ್ರೇಕಿಂಗ್ ಸ್ಪೇಸ್ 160, ನೋಡಾಕ ಸಾದಾ ಸ್ಪೇಸಿನಂಗ ಇರ್ತೈತಿ, ನಂಬರಿನ ನಡುವ ಕುಂತ್ರ ನ್ಯಾನ್. ಜೊತೀಗೆ ನ್ಯಾವಿಗೇಟರ್ ಲ್ಯಾಂಗ್ವೇಜ್ ಕಳಸ್ರಿ. ಸದಸ್ಯರ ಹೆಸರು, ಖಾತೆ ನಂಬರ್ ಮಾತ್ರ ಲಾಗಿನ್ಯಾಗ ಬರಬಾರದು ನೋಡ್ರಿ, ಅದು ಮರೀಬ್ಯಾಡ್ರಿ.

ಕಡಲತೀರ
ಆ ಸೆಟ್‌ಟೈಮ್‌ಔಟ್ ವಿಷಯ. ಡಿಬೌನ್ಸ್ (ಸ್ವಲ್ಪ ಕಾದು ಒಂದೇ ಸಲ ಓಡಿಸುವುದು) ಮಾಡಿದ್ದೀರಿ ಅಂತ ಕಾಣ್ತದೆ. ಟೈಮರ್ ಕಾಲ್‌ಬ್ಯಾಕ್ ಓಡುವಾಗ ಸ್ಟ್ಯಾಕ್ ಹೊಸದಾಗಿ ಶುರುವಾಗ್ತದೆ, ಹಿಂದೆ ಯಾರು ಟೈಮರ್ ಇಟ್ಟದ್ದು ಅಂತ ಎರರ್ ಡಾಟ್ ಸ್ಟ್ಯಾಕಿಗೆ ಗೊತ್ತಿಲ್ಲ. ಡೆವ್‌ಟೂಲ್ಸ್ ತೆರೆದಿದ್ರೆ ಅದು ಟೈಮರಿನ ಹಿಂದಿನದ್ದನ್ನೂ ಜೋಡಿಸಿ ತೋರಿಸ್ತದೆ, ಆದ್ರೆ ಬೀಕನ್‌ನಲ್ಲಿ ಹೋಗುವ ಪಠ್ಯದಲ್ಲಿ ಅದು ಇರುವುದಿಲ್ಲ. ಉಪಾಯ ಏನಂದ್ರೆ ಟೈಮರ್ ಇಡುವಾಗಲೇ ಒಂದು ನ್ಯೂ ಎರರ್ ಮಾಡಿ ವೇರಿಯಬಲ್‌ನಲ್ಲಿ ಇಟ್ಕೊಳ್ಳಿ, ಕಾಲ್‌ಬ್ಯಾಕಿನಲ್ಲಿ ತೊಂದ್ರೆ ಆದ್ರೆ ಅದನ್ನು ಕಾಸ್ ಆಗಿ ಸೇರಿಸಿ ಎರಡನ್ನೂ ಕಳ್ಸಿ. ಕಾಸ್ ಡಾಟ್ ಸ್ಟ್ಯಾಕ್ ಅನ್ನು ಬೇರೆಯಾಗಿ ಓದಿ ಕಳಿಸ್ಬೇಕು, ತನ್ನಷ್ಟಕ್ಕೆ ಹೋಗುವುದಿಲ್ಲ.

ಹೊಸಬ_23
ಕೆಲಸ ಮುಗಿಯೋವರೆಗೆ ಕಾಯೋ ಅವೇಟ್ ಹಾಕಿದ್ರೂ ಹಿಂಗೇ ಕಟ್ ಆಗುತ್ತಾ?

ಕಡಲತೀರ
ಇಲ್ಲ. 2019ರಲ್ಲಿ ಕ್ರೋಮಿನ ಜಾವಾಸ್ಕ್ರಿಪ್ಟ್ ಎಂಜಿನ್ ವಿ8 7.3 ಬಂದ ಮೇಲೆ ಅಸಿಂಕ್ ಫಂಕ್ಷನ್‌ಗಳು ‘ಅಟ್ ಅಸಿಂಕ್’ ಅಂತ ಟ್ರೇಸಲ್ಲಿ ಸೇರ್ತವೆ, ನೋಡ್ 12ರಲ್ಲೂ ಸಿಗ್ತದೆ. ಆದ್ರೆ ಅವೇಟ್ ಬರೀಬೇಕು. ಅವೇಟ್ ಇಲ್ಲದೆ ಪ್ರಾಮಿಸನ್ನು (ಮುಂದೆ ಬರುವ ಫಲಿತಾಂಶ) ಹಾಗೇ ರಿಟರ್ನ್ ಮಾಡಿದ ಫಂಕ್ಷನ್ ಟ್ರೇಸಿನಿಂದ ಕಾಣೆ. ರಿಟರ್ನ್ ಅವೇಟ್ ದಂಡ ಅಂತ ಹೇಳುವವರಿದ್ದಾರೆ, ನಾನಂತೂ ಹಾಕಿಯೇ ಹಾಕ್ತೇನೆ, ರಾತ್ರಿ ಎದ್ದು ಲಾಗ್ ಓದುವವರು ನಾವೇ ಅಲ್ವಾ.

ನೈಟ್‌ಶಿಫ್ಟ್
ನಾನು ದಿನಾ ಲಾಗ್ ನೋಡೋನು, ಡೆವಲಪರ್‌ಗಳಿಗೆ ಕೈ ಮುಗಿದು ಕೇಳ್ಕೊಳೋದು ಕೆಲವಿದೆ.

ಬರೀ ಸ್ಟ್ರಿಂಗ್ ಥ್ರೋ ಮಾಡ್ಬೇಡಿ, ಅದಕ್ಕೆ ಸ್ಟ್ಯಾಕ್ ಇರಲ್ಲ, ಯಾರು ಎಲ್ಲಿಂದ ಎಸೆದ್ರು ದೇವರಿಗೇ ಗೊತ್ತು. ಎರರ್‌ನ ಜೇಸನ್ ಸ್ಟ್ರಿಂಗಿಫೈ ಮಾಡಿ ಕಳಿಸ್ಬೇಡಿ, ಮೆಸೇಜು ಸ್ಟ್ಯಾಕು ಎರಡೂ ಎನ್ಯೂಮರಬಲ್ (ಪಟ್ಟಿ ಮಾಡುವಾಗ ಕಾಣೋವು) ಅಲ್ಲ, ಅದಕ್ಕೆ ಬರೀ ಖಾಲಿ ಬ್ರೇಸ್ ಬರುತ್ತೆ, ನಮ್ಮ ಡ್ಯಾಶ್‌ಬೋರ್ಡ್ ತುಂಬಾ ಖಾಲಿ ಬ್ರೇಸ್. ಖಾಲಿ ಕ್ಯಾಚ್ ಬ್ಲಾಕ್ ಬರೆಯೋದಂತೂ ಮಹಾಪಾಪ. ಪ್ರಾಮಿಸ್ ತಪ್ಪುಗಳು ವಿಂಡೋ ಆನ್‌ಎರರ್‌ಗೆ ಬರಲ್ಲ, ಅನ್‌ಹ್ಯಾಂಡಲ್ಡ್ ರಿಜೆಕ್ಷನ್ ಈವೆಂಟ್ ಬೇರೆ ಕೇಳ್ಬೇಕು. ಬರೀ ‘ಸ್ಕ್ರಿಪ್ಟ್ ಎರರ್’ ಅಂತ ಬಂದು ಸಾಲು ನಂಬರ್ 0 ಇದ್ರೆ ಆ ಸ್ಕ್ರಿಪ್ಟ್ ಬೇರೆ ಡೊಮೇನಿಂದ ಬಂದಿದೆ ಅಂತ, ಸ್ಕ್ರಿಪ್ಟ್ ಟ್ಯಾಗಿಗೆ ಕ್ರಾಸ್‌ಒರಿಜಿನ್ ಹಾಕಿ, ಆ ಸರ್ವರಿಂದ ಕಾರ್ಸ್ ಹೆಡರ್ (ಬೇರೆ ಡೊಮೇನಿಗೆ ಕೊಡೋ ಅನುಮತಿ) ಬರೋ ಹಾಗೆ ಮಾಡಿ, ಆಗ ಪೂರ್ತಿ ವಿವರ ಸಿಗುತ್ತೆ. ಒಂದನ್ನೇ ಮಾಡಿ ಹೆಡರ್ ಮರೆತ್ರೆ ಸ್ಕ್ರಿಪ್ಟೇ ಲೋಡ್ ಆಗಲ್ಲ, ಹುಷಾರು.

ಸಂಪಿಗೆ_ಮರ
ಸಿಕ್ತು ಸಿಕ್ತು ಸಿಕ್ತು!

ಮೊತ್ತ ಓದೋ ಫಂಕ್ಷನ್ ಒಳಗೆ ಬಲೆ ಹಾಕಿದ್ವಿ, ಚಾರ್ ಕೋಡ್ ಸಮೇತ. ಬಂದಿದ್ದು ಹೀಗಿದೆ: 2407, 2408, 44, 2411, 2406, 2406. ಲ್ಯಾಂಗ್ವೇಜ್ ‘ಎಂಆರ್’. ಟೈಮರ್ ಇಟ್ಟವರ ಟ್ರೇಸಲ್ಲಿ ಇನ್‌ಪುಟ್ ಬಾಕ್ಸಿನ ಬ್ಲರ್ ಹ್ಯಾಂಡ್ಲರ್ ಇದೆ. 44 ಕಾಮಾ ಅಂತ ಗೊತ್ತಾಯ್ತು, ಉಳಿದಿದ್ದು ಏನಿದು?

ಧಾರವಾಡ_ಫೇಡಾ
ಅಡ್ಡಿ ಇಲ್ಲ ಬಿಡ್ರಿ, ಹಿಡದ್ರಿ! 2406ರಿಂದ 2415 ದೇವನಾಗರಿ ಅಂಕಿ. 12,500 ಅಂತ ಮರಾಠಿಯೊಳಗ ಬಂದೈತಿ. ಲ್ಯಾಂಗ್ವೇಜ್ ಎಂಆರ್ ಅಂದ್ರ ಮರಾಠಿ. ನಿಮ್ಮ ಸಂಘದ ಬ್ರ್ಯಾಂಚ್ ಬೆಳಗಾವಿ ಕಡೆ ಇದಾವೇನ್ರಿ? ಫೋನ್ ಮರಾಠಿಯೊಳಗ ಇಟ್ಕೊಂಡ ಮಂದಿ ಅಲ್ಲಿ ಭಾಳ ಅದಾರ.

ಬ್ಲರ್ ಹ್ಯಾಂಡ್ಲರ್‌ನ್ಯಾಗ ಟುಲೋಕೇಲ್‌ಸ್ಟ್ರಿಂಗ್ ಕರದೀರಿ, ಬ್ರ್ಯಾಕೆಟ್ ಖಾಲಿ ಬಿಟ್ಟೀರಿ, ಅದಕ್ಕ ಅದು ಫೋನಿನ ಭಾಷೆ ಪ್ರಕಾರ ಅಂಕಿ ಬರೀತೈತಿ, ಹೌದಲ್ರಿ?

ಸಂಪಿಗೆ_ಮರ
ಹೌದು!! ಟೈಪ್ ಮಾಡಿ ಹೊರಗೆ ಬಂದ ಕೂಡ್ಲೇ ಕಾಮಾ ಹಾಕಿ ಚೆಂದ ಕಾಣ್ಲಿ ಅಂತ ಟುಲೋಕೇಲ್‌ಸ್ಟ್ರಿಂಗ್ ಇದೆ, ಆಮೇಲೆ ಮೊತ್ತ ಓದೋ ಫಂಕ್ಷನ್ ಕಾಮಾ ತೆಗೆದು ನಂಬರ್ ಮಾಡುತ್ತೆ. ಬೆಳಗಾವಿ, ನಿಪ್ಪಾಣಿ ಕಡೆ ಬ್ರ್ಯಾಂಚ್ ಇವೆ. ಆದ್ರೆ ನಮ್ಮಲ್ಲಿ ಕನ್ನಡದಲ್ಲಿ ಇಟ್ಟಿರೋ ಫೋನಲ್ಲೂ ಟೆಸ್ಟ್ ಮಾಡಿದ್ವಿ, ಅಲ್ಲಿ ಯಾಕೆ ಬರ್ಲಿಲ್ಲ?

ಫ್ರಾಂಕ್‌ಫರ್ಟ್_ಕನ್ನಡಿಗ
ಬ್ರೌಸರ್‌ಗಳು ಯೂನಿಕೋಡ್‌ನವರ ಸಿಎಲ್‌ಡಿಆರ್ ದತ್ತಾಂಶ (ಯಾವ ಭಾಷೆಗೆ ಯಾವ ಅಂಕಿ ಅನ್ನೋಂಥದ್ದು) ಬಳಸ್ತವೆ. ಅದರಲ್ಲಿ ಮರಾಠಿಗೆ ಡೀಫಾಲ್ಟ್ ಅಂಕಿ ದೇವನಾಗರಿ, ಬಂಗಾಳಿಗೆ ಬಂಗಾಳಿ ಅಂಕಿ, ನೇಪಾಳಿಗೂ ದೇವನಾಗರಿ. ಕನ್ನಡಕ್ಕೆ ಮತ್ತು ಹಿಂದಿಗೆ 1, 2, 3 ಇವೇ ಡೀಫಾಲ್ಟ್. ಕನ್ನಡ ಅಂಕಿ ಬೇಕು ಅಂದ್ರೆ ಲೋಕೇಲಲ್ಲಿ ಬೇರೆಯಾಗಿ ಕೇಳ್ಬೇಕು, ಆಗ ಕೋಡ್ 3302ರಿಂದ 3311 ಬರುತ್ತೆ. ಹಾಗಾಗಿ ಕನ್ನಡ, ಇಂಗ್ಲಿಷ್, ಹಿಂದಿ ಫೋನಲ್ಲಿ ಎಷ್ಟು ಟೆಸ್ಟ್ ಮಾಡಿದ್ರೂ ಇದು ಸಿಕ್ತಿರ್ಲಿಲ್ಲ. ಜಾವಾಸ್ಕ್ರಿಪ್ಟಿನ ನಂಬರ್ ಫಂಕ್ಷನ್ನಿಗೆ 0ಯಿಂದ 9 ಬಿಟ್ರೆ ಬೇರೆ ಲಿಪಿಯ ಅಂಕಿ ಅರ್ಥ ಆಗಲ್ಲ, ನ್ಯಾನ್ ಕೊಡುತ್ತೆ. ಸದಸ್ಯರ ಕಣ್ಣಿಗೆ ಮೊತ್ತ ಸರಿಯಾಗೇ ಕಾಣ್ತಿತ್ತು, ಅವರು ಹೇಳಿದ್ದು ನಿಜವೇ.

ಜಾವಾ_ಮಾಮ
ಪೈಥಾನಿನ ಇಂಟ್ ದೇವನಾಗರಿ, ಕನ್ನಡ ಅಂಕಿಗಳನ್ನೂ ಓದುತ್ತೆ ಗೊತ್ತಾ. ಜಾವಾದ ಪಾರ್ಸ್‌ಇಂಟ್ ಕೂಡ.

ರಾಗಿಮುದ್ದೆ
ಹಾಗಾದ್ರೆ ಟುಲೋಕೇಲ್‌ಸ್ಟ್ರಿಂಗಿಗೆ ‘ಇಎನ್-ಐಎನ್’ (ಭಾರತದ ಇಂಗ್ಲಿಷ್) ಕೊಟ್ಬಿಡಿ, ಮುಗೀತು. ಒಂದು ಸಾಲಿನ ಕೆಲಸ.

ಮೂಡಲಮನೆ
ಇವತ್ತಿಗೆ ಅದು ಹಾಕಿ ಜನರ ಕಂತು ಕಟ್ಟಿಸಿ, ಒಪ್ಪಿದೆ. ಆದ್ರೆ ತೋರ್ಸಕ್ಕೆ ಮಾಡಿದ ಪಠ್ಯವನ್ನ ವಾಪಸ್ ಓದಿ ಲೆಕ್ಕ ಮಾಡೋದೇ ಬೇರು. ಟೈಪ್ ಮಾಡಿದ ತಕ್ಷಣ ನಂಬರನ್ನ ಆಬ್ಜೆಕ್ಟಲ್ಲಿ ಇಟ್ಕೊಳ್ಳಿ, ಬಾಕ್ಸಲ್ಲಿ ಕಾಣೋದು ಬರೀ ಅಲಂಕಾರ, ಅದನ್ನ ಮತ್ತೆ ಯಾರೂ ಓದಬಾರದು. ಮರಾಠಿ ಕೀಬೋರ್ಡಲ್ಲಿ ಸದಸ್ಯರೇ ದೇವನಾಗರಿ ಅಂಕಿ ಟೈಪ್ ಮಾಡಿದ್ರೆ ನಿಮ್ಮ ‘ಇಎನ್-ಐಎನ್’ ಏನೂ ಮಾಡಲ್ಲ, ಅದನ್ನೂ ಬದಲಾಯಿಸಿ ತಗೋಬೇಕು, ಕೋಡಿಂದ 2406 ಕಳೆದ್ರೆ ಅಂಕಿ ಸಿಕ್ತು. ಅವರ ಭಾಷೆ ಅವರ ಫೋನಲ್ಲಿ ಇರೋದು ಅವರ ಹಕ್ಕು, ಸರಿಯಾಗಬೇಕಾದ್ದು ನಮ್ಮ ಕೋಡು.

ಸಂಪಿಗೆ_ಮರ
ಒಂದು ಸಾಲಿನ ಫಿಕ್ಸ್ ಈಗ ಲೈವ್ ಹೋಯ್ತು, ನ್ಯಾನ್ ಬೀಕನ್ ನಿಂತಿದೆ. ನಂಬರ್ ಬೇರೆ ಇಟ್ಕೊಳ್ಳೋ ಕೆಲಸ ಈ ವಾರ ಮಾಡ್ತೀವಿ. ಸೆಟ್ಟರ್ ಬಲೆ ತೆಗೀಬೇಕಾ, ಇರ್ಲಾ?

ಕಡಲತೀರ
ಇರ್ಲಿ. ನ್ಯಾನ್ ಬಂದ್ರೆ ಸಬ್ಮಿಟ್ ಬಟನ್ ತಡೆದು ಸದಸ್ಯರಿಗೆ ಅವರ ಭಾಷೆಯಲ್ಲೇ ಒಂದು ಸಂದೇಶ ತೋರ್ಸಿ. ಸರ್ವರಿನವರಿಗೂ ಹೇಳಿ, ನಲ್ ಮೊತ್ತ ಬಂದ್ರೆ ಒಪ್ಪಿಕೊಳ್ಳದೆ 400 (ತಪ್ಪು ವಿನಂತಿ ಅನ್ನುವ ಉತ್ತರ) ಕೊಡ್ಲಿ.

ಹೊಸಬ_23
ಇದೇ ಸೆಟ್ಟರ್ ಉಪಾಯ ಡಾಮ್ ಎಲಿಮೆಂಟಿಗೆ (ಪೇಜ್ ಮೇಲಿನ ಬಟನ್, ಬಾಕ್ಸ್ ಥರದ್ದಕ್ಕೆ) ಮಾಡ್ಬಹುದಾ? ನಮ್ಮಲ್ಲಿ ಒಂದು ಬಟನ್ ತಾನಾಗೇ ಡಿಸೇಬಲ್ ಆಗ್ತಿದೆ.

ನೈಟ್‌ಶಿಫ್ಟ್
ನಿನ್ನ ಲ್ಯಾಪ್‌ಟಾಪಲ್ಲೇ ಆಗ್ತಿದ್ರೆ ಅಷ್ಟು ಬೇಕಿಲ್ಲ. ಎಲಿಮೆಂಟ್ಸ್ ಟ್ಯಾಬಲ್ಲಿ ಬಟನ್ ಮೇಲೆ ರೈಟ್ ಕ್ಲಿಕ್, ಬ್ರೇಕ್ ಆನ್, ಆಟ್ರಿಬ್ಯೂಟ್ ಮಾಡಿಫಿಕೇಶನ್ಸ್. ಯಾರು ಮುಟ್ಟಿದ್ರೋ ಆ ಸಾಲಲ್ಲೇ ನಿಲ್ಲುತ್ತೆ, ಬಲಗಡೆ ಕಾಲ್ ಸ್ಟ್ಯಾಕ್ ನೋಡು.

ಹೊಸಬ_23
ಸಿಕ್ತು ಸಾರ್, ಚಾಟ್ ವಿಜೆಟ್ ಸ್ಕ್ರಿಪ್ಟ್ ಮಾಡ್ತಿತ್ತು!